ದೇವರ ಗೂಡಿನಲ್ಲಿದ್ದ ಲಾರಿ ಪುಸ್ತಕ

ನಾಲ್ಕನೇ ಜ್ವರದಿಂದ, ಅಂದರೆ ಕೊನೆಯ ಸಲ ಪೊರೆ ಬಿಟ್ಟು, ಎದ್ದ ರೇಷ್ಮೆ ಹುಳುವಿಗೆ ಹಸಿವು ಬಿಟ್ಟರೆ ಬೇರೇನೂ ಗೊತ್ತಿಲ್ಲ. ಬೆಳಿಗ್ಗೆ ಹಾಸಿದ ಸೊಪ್ಪು ಹೊತ್ತು ನೆತ್ತಿಗೇರುವಷ್ಟರಲ್ಲಿ ಬರೀ ಕಡ್ಡಿ. ಅಂಥ ದಿನಗಳಲ್ಲಿ ಅಮ್ಮಾಜಮ್ಮನನ್ನು ಯಾರೂ ಮಾತನಾಡಿಸಬಾರದು. ಅವಳ ಗಂಡ ಆವಲಪ್ಪನಿಗೂ ಅದು ಚೆನ್ನಾಗಿ ಗೊತ್ತು. ಚಿಂತಾಮಣಿಯ ಪಕ್ಕ ಅಂಬಾಜಿದುರ್ಗದ ಬುಡದಲ್ಲಿ ಅವರಿಗೆ ಎರಡು ಎಕರೆ ಹಿಪ್ಪುನೇರಳೆ ತೋಟ, ಒಂದು ಬಾವಿ, ಬಾವಿಯ ಮೇಲೊಂದು ಆಯಿಲ್ ಇಂಜಿನ್ನು. ಇಂಜಿನ್ನು ಕೂಗಿದರೆ ನೀರು, ನೀರಿದ್ದರೆ ಸೊಪ್ಪು, ಸೊಪ್ಪಿದ್ದರೆ ಗೂಡು. ಆ ಗೂಡು ಶಿಡ್ಲಘಟ್ಟದ ಮಾರುಕಟ್ಟೆಯಲ್ಲಿ ಹರಾಜಾದ ಮೇಲೆಯೇ ಆ ಮನೆಯಲ್ಲಿ ಯಾವ ಆಸೆಯಾದರೂ ತೀರುವುದು.

ಸಾವಿರದ ಒಂಬೈನೂರ ಅರವತ್ತಮೂರನೇ ಇಸವಿ. ಅಂಥದೊಂದು ಬೆಳಿಗ್ಗೆ ಕಂದಾಯ ವಸೂಲಿಯ ಶೇಕ್ದಾರರು ತಳವಾರನನ್ನು ಹಿಂದಿಟ್ಟುಕೊಂಡು ಬಂದರು. ಕೈಯಲ್ಲಿ ಒಂದು ಕಾಗದ.

"ಆವಲಪ್ಪನೋರೇ, ನಿಮ್ಮ ಲಾರಿ ತೆರಿಗೆ ಎರಡು ವರ್ಷದ್ದು ಬಾಕಿ ಐತೆ. ಮೇಲೆ ದಂಡ. ಮೋಟಾರು ಆಫೀಸಿನೋರು ಬರೆದೂ ಬರೆದೂ ಸಾಕಾಗಿ, ಜಮೀನು ಕಂದಾಯದ ಥರ ವಸೂಲಿ ಮಾಡ್ರಪ್ಪ ಅಂತ ನಮಗೆ ಕಳ್ಸವ್ರೆ. ಎಂಟು ದಿನದೊಳಗೆ ಕಟ್ಟಿ. ಇಲ್ದಿದ್ರೆ ಬಾವಿ ಮೇಲಿರೋ ಇಂಜಿನ್ನು ಜಪ್ತಿ ಮಾಡ್ಬೇಕಾಗ್ತದೆ."

ಅಮ್ಮಾಜಮ್ಮನ ಕೈಯಲ್ಲಿದ್ದ ಸೊಪ್ಪಿನ ಕಂತೆ ತಟ್ಟೆಯ ಮೇಲೆ ಹಾಗೇ ಬಿತ್ತು. ಲಾರಿಯೇ? ಆ ಲಾರಿ ಈ ಅಂಗಳ ಬಿಟ್ಟು ಎರಡು ವರ್ಷವಾಗಿತ್ತು. ಅದನ್ನು ಮಾರಿದ ದುಡ್ಡಿನಲ್ಲೇ ಅಲ್ಲವೇ ಈ ಇಂಜಿನ್ನು ಬಂದದ್ದು!

ಆವಲಪ್ಪ ನಕ್ಕುಬಿಟ್ಟ. "ಶೇಕ್ದಾರ್ರೇ, ಲಾರಿ ಮಾರಿ ಎರಡು ವರ್ಷ ಆಯ್ತು. ಮಂಚೇನಹಳ್ಳಿ ನಲ್ಲಪ್ಪಂಗೆ ಕೊಟ್ಟಿದ್ದು ಊರಿಗೇ ಗೊತ್ತು. ಕೇಳಿ, ಈ ತಳವಾರನ್ನೇ ಕೇಳಿ."

"ಊರಿಗೆ ಗೊತ್ತು ಸ್ವಾಮಿ. ಆಫೀಸಿಗೆ ಗೊತ್ತಿಲ್ಲ" ಎಂದರು ಶೇಕ್ದಾರರು. "ಕಾಗದದ ಮೇಲೆ ಇವತ್ತಿಗೂ ನೀವೇ ಯಜಮಾನ್ರು. ಮೂರು ಸಲ ರಿಜಿಸ್ಟರ್ ಕಾಗದ ಕಳ್ಸಿದ್ರಂತೆ, ನೀವು ತಗೊಳ್ಳದೆ ವಾಪಸ್ ಕಳ್ಸಿದ್ರಂತೆ?"

ಅಮ್ಮಾಜಮ್ಮ ಗಂಡನ ಕಡೆ ತಿರುಗಿದಳು. ರಿಜಿಸ್ಟರ್ ಕಾಗದದ ವಿಷಯ ಅವಳು ಕೇಳುತ್ತಿದ್ದುದು ಅದೇ ಮೊದಲು.

"ಲಾರಿ ನಂದಲ್ಲ, ಕಾಗದ ನಾನ್ಯಾಕೆ ತಗೊಳ್ಳಲಿ?" ಎಂದ ಆವಲಪ್ಪ, ಎದೆ ಸೆಟೆಸಿ.

ಜಾಣತನವೆಂದರೆ ಹೀಗಿರಬೇಕು! ಬೆಂಕಿ ಬಿದ್ದ ಮನೆಯ ಬಾಗಿಲು ಹಾಕಿಕೊಂಡು ಹೊಗೆ ಬರುತ್ತಿಲ್ಲ ಎಂದನಂತೆ ಒಬ್ಬ. ಶೇಕ್ದಾರರು ಕಾಗದ ಕೊಟ್ಟು, ಸಹಿ ಹಾಕಿಸಿಕೊಂಡು, ಒಂದು ಲೋಟ ಮಜ್ಜಿಗೆ ಕುಡಿದು ಹೋದರು. ಎಂಟು ದಿನವೆಂದರೆ ಸರಿಯಾಗಿ ಹುಳು ಹಣ್ಣಾಗಿ, ಗೂಡು ಕಟ್ಟಲು ಬಿದಿರಿನ ಚಂದ್ರಿಕೆ ಹತ್ತುವ ಹೊತ್ತು. ಅಷ್ಟರೊಳಗೆ ಇಂಜಿನ್ನು ನಿಂತರೆ ಈ ಬೆಳೆಗೂ ಸೊಪ್ಪಿಲ್ಲ, ಮುಂದಿನ ಬೆಳೆಗೆ ತೋಟವೂ ಇಲ್ಲ.

ಲಾರಿ ಮಾರಿದ ಕಥೆ ಹೇಳಿಬಿಡಬೇಕು. ಅದು ಕೆಂಪು ಬಣ್ಣದ ಹಳೆಯ ಲಾರಿ. ಮನೆಯವರೆಲ್ಲ ಅದನ್ನು ಕೆಂಪಿ ಎಂದೇ ಕರೆಯುತ್ತಿದ್ದರು. ಹಬ್ಬಕ್ಕೆ ಅದರ ಮೂತಿಗೂ ಹಸುವಿಗೆ ಬಳಿದಷ್ಟೇ ಅರಿಶಿನ. ಮಾರುವ ದಿನ ಆವಲಪ್ಪ ದನದ ಜಾತ್ರೆಯಲ್ಲಿ ಮಾಡುವ ಹಾಗೆಯೇ ಮಾಡಿದ. ಟವಲ್ ಕೆಳಗೆ ಕೈ ಹಾಕಿ, ಬೆರಳು ಹಿಡಿದು ಬೆಲೆ ಕುದುರಿಸಿದ. ನಲ್ಲಪ್ಪ ಎಲೆ ಅಡಿಕೆಯ ಮೇಲೆ ದುಡ್ಡಿಟ್ಟ. ಅಲ್ಲಿಗೆ ವ್ಯಾಪಾರ ಮುಗಿಯಿತು.

ಇನ್ನು ಹಗ್ಗದ ಮಾತು. ನಮ್ಮ ಕಡೆ ಹಸು ಮಾರಿದರೂ ಅದನ್ನು ಕಟ್ಟಿದ ಹಗ್ಗ ಮಾರುವುದಿಲ್ಲ. ಕೊಂಡವನು ತನ್ನ ಹಗ್ಗ ತರಬೇಕು. ಹಳೇ ಹಗ್ಗ ಮನೆಯಲ್ಲೇ ಉಳಿಯಬೇಕು, ಇಲ್ಲದಿದ್ದರೆ ಹಸುವಿನ ಹಿಂದೆ ಕೊಟ್ಟಿಗೆಯ ಲಕ್ಷ್ಮಿಯೂ ಹೊರಟುಹೋಗುತ್ತಾಳೆ ಎನ್ನುತ್ತಾರೆ. ಆವಲಪ್ಪ ಲಾರಿಯ ಸುತ್ತ ಮೂರು ಸುತ್ತು ಹಾಕಿ ನೋಡಿದ. ಲಾರಿಗೆ ಹಗ್ಗವೆಲ್ಲಿ? ಕೀಲಿ ಇಟ್ಟುಕೊಂಡರೆ ನಲ್ಲಪ್ಪ ಓಡಿಸುವುದು ಹೇಗೆ? ಕೊನೆಗೆ ಡ್ರೈವರ್ ಸೀಟಿನ ಪಕ್ಕ ದಾರ ಕಟ್ಟಿ ನೇತುಹಾಕಿದ್ದ ರಿಜಿಸ್ಟ್ರಿ ಪುಸ್ತಕ ಕಣ್ಣಿಗೆ ಬಿತ್ತು. ಅದನ್ನು ಬಿಚ್ಚಿ ಕಣ್ಣಿಗೊತ್ತಿಕೊಂಡು, ಒಳಗೆ ತಂದು ದೇವರ ಗೂಡಿನಲ್ಲಿಟ್ಟು, ಕುಂಕುಮ ಹಚ್ಚಿಬಿಟ್ಟ. ನಲ್ಲಪ್ಪ ಬೇಡವೆನ್ನಲಿಲ್ಲ. ಬೇಡವೆನ್ನಲು ಅವನೇನು ದಡ್ಡನೇ?

ಬೇಡವೆಂದವನು ಒಬ್ಬನಿದ್ದ. ಆ ಲಾರಿಯ ಡ್ರೈವರ್ ಗಂಗುಲಪ್ಪ. ಕೆಳಗಿನ ಕೇರಿಯವನು, ಯುದ್ಧದ ಕಾಲದಲ್ಲಿ ಮಿಲಿಟರಿ ಲಾರಿ ಓಡಿಸಿ ಬಂದವನು, ನಾಲ್ಕು ವರ್ಷ ಪ್ರತಿ ಕಂತಿನ ತೆರಿಗೆಯನ್ನೂ ತಾನೇ ಹೋಗಿ ಕಟ್ಟಿ ಟೋಕನ್ ತಂದು ಗಾಜಿಗೆ ಅಂಟಿಸಿದವನು. ಅವತ್ತು ಅಂಗಳದಲ್ಲಿ ನಿಂತುಕೊಂಡೇ ಹೇಳಿದ್ದ: "ಯಜಮಾನ್ರೇ, ಪುಸ್ತಕ ಅವ್ರಿಗೆ ಕೊಟ್ಬಿಡಿ. ಮಾರಿದೀನಿ ಅಂತ ಆಫೀಸಿಗೆ ಎರಡು ಸಾಲು ಬರೆದು ಹಾಕಿ."

"ನನ್ನ ಲಾರಿ ಮಾರೋದನ್ನ ನೀನು ಹೇಳ್ಕೊಡ್ತೀಯೇನೋ?" ಎಂದಿದ್ದ ಆವಲಪ್ಪ. ಲಾರಿ ಹೋದ ಮೇಲೆ ಗಂಗುಲಪ್ಪ ಚಿಂತಾಮಣಿಯಿಂದ ಚಿಕ್ಕಬಳ್ಳಾಪುರಕ್ಕೆ ಹೋಗುವ ಖಾಸಗಿ ಬಸ್ಸಿಗೆ ಡ್ರೈವರಾಗಿ ಸೇರಿಕೊಂಡ.

ಅಮ್ಮಾಜಮ್ಮನಿಗೆ ಆ ಮಾತು ಈಗ ನೆನಪಾಯಿತು. ನೆನಪಾದಷ್ಟೂ ಮೈ ಉರಿಯಿತು.

"ಗಂಗುಲಪ್ಪನ್ನ ಕರೀರಿ" ಎಂದಳು.

"ಅವನ್ಯಾಕೆ? ನಾನು ಕೈವಾರಕ್ಕೆ ಹೋಗ್ತೀನಿ. ತಾತಯ್ಯನ ಸನ್ನಿಧಿಲಿ ನಿಂತು ಲಾರಿ ನಂದಲ್ಲ ಅಂತ ಪ್ರಮಾಣ ಮಾಡ್ತೀನಿ. ಆಗ್ಲಾದ್ರೂ ನಂಬ್ತಾರೋ ಇಲ್ವೋ?"

"ಮಾಡಿ. ಪ್ರಮಾಣ ಮಾಡಿ, ಪ್ರಸಾದ ತಗೊಂಡು ಬನ್ನಿ. ನೀವು ಬರೋದ್ರೊಳಗೆ ಇಂಜಿನ್ನು ತಾಲ್ಲೂಕು ಕಚೇರಿ ಅಂಗಳದಲ್ಲಿರ್ತದೆ. ತಾತಯ್ಯ ಮೋಟಾರು ಆಫೀಸಿಗೆ ಕಾಗದ ಬರೀತಾರೇನ್ರೀ?"

ಅವನು ಮುಖ ಊದಿಸಿಕೊಂಡು ತೋಟಕ್ಕೆ ಹೋದ. ಅವಳು ಸೆರಗು ಸಿಕ್ಕಿಸಿಕೊಂಡು ರಸ್ತೆಗೆ ಹೋದಳು. ಹನ್ನೊಂದು ಗಂಟೆಯ ಬಸ್ಸು ಬರುತ್ತಲೇ ನಡುರಸ್ತೆಯಲ್ಲಿ ನಿಂತು ಕೈ ಅಡ್ಡ ಹಿಡಿದಳು. ಗಂಗುಲಪ್ಪ ಬ್ರೇಕು ಒತ್ತಿ ತಲೆ ಹೊರಹಾಕಿದ. ಅವಳು ನಾಲ್ಕೇ ಮಾತಿನಲ್ಲಿ ಹೇಳಿದಳು. ಒಳಗಿದ್ದ ಪ್ರಯಾಣಿಕರಿಗೆಲ್ಲ ಕೇಳಿಸಿತು, ಕೇಳಿಸಲಿ ಎಂದೇ ಹೇಳಿದಳು.

"ಸಾಯಂಕಾಲ ಬಂಡಿ ಬಿಟ್ಟು ಬರ್ತೀನಮ್ಮ" ಎಂದ ಅವನು. "ಪುಸ್ತಕ ತೆಗೆದಿಟ್ಟಿರಿ."

ಸಂಜೆ ಗಂಗುಲಪ್ಪ ಬಂದು ಎಂದಿನ ಹಾಗೆ ಜಗಲಿಯ ಕೆಳಗೆ ನಿಂತ. ಆವಲಪ್ಪ ಜಗಲಿಯ ಮೇಲೆ ಕೂತೇ ಇದ್ದ, ಕೂತುಕೋ ಎನ್ನಲಿಲ್ಲ. ಅಮ್ಮಾಜಮ್ಮ ಇಬ್ಬರನ್ನೂ ಒಮ್ಮೆ ನೋಡಿದಳು. ಒಳಗಿನಿಂದ ಮಂಚ ಎಳೆದು ತಂದು ಜಗಲಿಯ ಮೇಲೆ ಗಂಡನ ಎದುರಿಗೇ ಹಾಕಿದಳು. "ಕೂತ್ಕೊಂಡು ಹೇಳಪ್ಪ. ನಿಂತು ಹೇಳಿದ್ದು ಈ ಮನೇಲಿ ಯಾರ ತಲೆಗೂ ಹೋಗ್ಲಿಲ್ಲ" ಎಂದಳು. ಆವಲಪ್ಪ ಮೇಲೆ ಹೆಂಚು ಎಣಿಸುತ್ತ ಕುಳಿತ. ಗಂಗುಲಪ್ಪ ಒಂದು ಗಳಿಗೆ ತಡೆದು, ಮೇಲೆ ಹತ್ತಿ ಬಂದು ಮಂಚದ ಅಂಚಿನಲ್ಲಿ ಕೂತ.

ಅವಳು ಪುಸ್ತಕ ತಂದಿಟ್ಟಳು. ಅದು ಪುಸ್ತಕದ ಹಾಗಿರಲಿಲ್ಲ. ಎರಡು ವರ್ಷದ ದೀಪದ ಎಣ್ಣೆ, ಅರಿಶಿನ, ಕುಂಕುಮ, ಒಣಗಿದ ಹೂವಿನ ಎಸಳು. ಇಂಜಿನ್ ನಂಬರು ಅಳಿಸಿಹೋಗಿತ್ತು, ಬಣ್ಣ ಯಾವುದೆಂದು ಬರೆದ ಜಾಗ ಎಣ್ಣೆಯಾಗಿತ್ತು. ಹೆಸರು ಮಾತ್ರ ನೆಟ್ಟಗಿತ್ತು: ಆವಲಪ್ಪ, ತಂದೆ ಹೆಸರು ಮುನಿಶಾಮಪ್ಪ. ಮುತ್ತು ಪೋಣಿಸಿದ ಅಕ್ಷರ.

"ನೋಡಿ ಯಜಮಾನ್ರೇ" ಎಂದ ಗಂಗುಲಪ್ಪ. "ಗಾಡಿ ಯಾರ ಹತ್ರ ಐತೆ ಅಂತ ಸರ್ಕಾರ ಊರೂರು ಸುತ್ತಿ ನೋಡಕ್ಕಾಗ್ತದಾ? ಈ ಪುಸ್ತಕದಲ್ಲಿ, ಅವ್ರ ದಫ್ತರದಲ್ಲಿ ಯಾರ ಹೆಸರೈತೋ ಅವ್ರನ್ನೇ ಮೊದ್ಲು ಕೇಳ್ತಾರೆ. ಮಾರಿದೋರು ಹದಿನಾಲ್ಕು ದಿನದೊಳಗೆ ಇಂಥೋರಿಗೆ ಮಾರಿದೀನಿ ಅಂತ ಆಫೀಸಿಗೆ ತಿಳಿಸ್ಬೇಕು. ಕೊಂಡೋರು ಮೂವತ್ತು ದಿನದೊಳಗೆ ಪುಸ್ತಕ ತಗೊಂಡೋಗಿ ಹೆಸರು ಬದಲಾಯಿಸ್ಕೋಬೇಕು. ಎರಡೂ ಆಗ್ಲಿಲ್ಲ."

"ದುಡ್ಡು ತಗೊಂಡಿದೀನಿ, ಗಾಡಿ ಕೊಟ್ಟಿದೀನಿ. ಮಾತು ಮಾತೇ ಅಲ್ವೇನೋ?"

"ನಿಮಗೂ ನಲ್ಲಪ್ಪನೋರಿಗೂ ನಡುವೆ ಮಾತು ಸಾಕು. ತೆರಿಗೆ ಕೇಳೋರು ನಿಮ್ಮ ಮಾತು ಕೇಳಿಸ್ಕೊಂಡಿಲ್ವಲ್ಲ."

"ಎತ್ತು ಮಾರಿದಾಗ ಯಾರಿಗೆ ಕಾಗದ ಬರೀತೀವಿ?"

"ಎತ್ತಿಗೆ ಪುಸ್ತಕ ಇಲ್ಲ, ತೆರಿಗೇನೂ ಇಲ್ಲ ಯಜಮಾನ್ರೇ. ಇದಕ್ಕೈತೆ. ಅಷ್ಟೇ ವ್ಯತ್ಯಾಸ."

ಆವಲಪ್ಪ ಒಪ್ಪಿಕೊಳ್ಳಲಿಲ್ಲ. ನಲ್ಲಪ್ಪ ಮರ್ಯಾದಸ್ಥ, ಅವನ ಬಾಯಿಂದ ಒಂದು ಮಾತು ಬಂದರೆ ಎಲ್ಲ ಸರಿಹೋಗುತ್ತದೆ ಎಂದು ಹಟ ಹಿಡಿದ. ಮಾರನೇ ದಿನ ಹುಳುವನ್ನು ತಂಗಿ ಅಕ್ಕಯಮ್ಮನಿಗೆ ಒಪ್ಪಿಸಿ ಅಮ್ಮಾಜಮ್ಮ ಗಂಡನ ಜೊತೆ ಬಸ್ಸು ಹತ್ತಿದಳು. ಅವನೊಬ್ಬನನ್ನೇ ಕಳಿಸಿದರೆ ನಲ್ಲಪ್ಪನಿಗೆ ಇಂಜಿನ್ನನ್ನೂ ಕೊಟ್ಟು ಬಂದಾನು ಎಂಬ ಭಯ ಅವಳಿಗೆ.

ಮಂಚೇನಹಳ್ಳಿಯಲ್ಲಿ ನಲ್ಲಪ್ಪ ಕಡಲೆಕಾಯಿ ಮಂಡಿಯ ಮುಂದೆ ಕೂತಿದ್ದ. ತೆಲುಗು ಬೆರೆತ ಮಾತು, ಬಾಯಿ ತುಂಬ ನಗು. "ರಾ ರಾ ಆವಲಪ್ಪಾ! ಕೂತ್ಕೋ ತಾಯಿ!" ಎಂದು ಕಾಫಿ ತರಿಸಿದ. ವಿಷಯ ಕೇಳಿದ ಮೇಲೂ ನಗು ಕುಂದಲಿಲ್ಲ.

"ಚೂದ್ದಾಂಲೇ" ಎಂದ. ನೋಡೋಣ ಬಿಡು, ಎಂದರ್ಥ. ಅವನು ಯಾವುದಕ್ಕೂ ಕೊಡುತ್ತಿದ್ದ ಉತ್ತರ ಅದೊಂದೇ.

"ನೋಡೋದೇನಣ್ಣ? ಎಂಟು ದಿನದಲ್ಲಿ ಜಪ್ತಿ" ಎಂದಳು ಅಮ್ಮಾಜಮ್ಮ. "ಎರಡು ವರ್ಷದಿಂದ ತೆರಿಗೆ ಯಾಕೆ ಕಟ್ಟಿಲ್ಲ?"

"ಹೆಂಗೆ ಕಟ್ಲಿ ತಾಯಿ? ಪುಸ್ತಕ ನಿಮ್ಮ ದೇವರ ಗೂಡಲ್ಲೈತೆ. ಪುಸ್ತಕ ಇಲ್ದೆ ಹೋದ್ರೆ ಆಫೀಸಿನೋರು ನನ್ನ ಬಯ್ಯಲ್ವಾ?"

ಅಮ್ಮಾಜಮ್ಮನಿಗೆ ನಗಬೇಕೋ ಅಳಬೇಕೋ ತಿಳಿಯಲಿಲ್ಲ.

"ಮತ್ತೆ ಇಷ್ಟು ದಿನ ಲಾರಿ ಹೆಂಗೆ ಓಡಿಸ್ದೆ?" ಎಂದ ಆವಲಪ್ಪ.

"ಯಾರಾದ್ರೂ ಕೇಳಿದ್ರೆ, ಗಾಡಿ ಚಿಂತಾಮಣಿ ಕಡೆ ಆವಲಪ್ಪನೋರದು, ನಾನು ಬಾಡಿಗೆಗೆ ತಗೊಂಡಿದೀನಿ ಅಂತಿದ್ದೆ. ಸುಳ್ಳಲ್ವಲ್ಲ, ಪುಸ್ತಕದಲ್ಲಿ ಹಂಗೇ ಐತಲ್ಲ! ಈಗ ಒಂದು ವರ್ಷದಿಂದ ಓಡ್ತಾನೂ ಇಲ್ಲ. ಓಡ್ದಿರೋ ಗಾಡಿಗೆ ಎಂಥ ತೆರಿಗೆ? ಬನ್ನಿ, ನೀವೇ ನೋಡಿ."

ಮಂಡಿಯ ಹಿಂದೆ ಹುಣಸೇ ಮರದ ಕೆಳಗೆ ಕೆಂಪಿ ಕಲ್ಲಿನ ಮೇಲೆ ನಿಂತಿತ್ತು. ಚಕ್ರವಿರಲಿಲ್ಲ. ಡ್ರೈವರ್ ಸೀಟಿನಲ್ಲಿ ಒಂದು ಆಡು ಮಲಗಿ ಮೆಲುಕು ಹಾಕುತ್ತಿತ್ತು, ಹಿಂದೆ ಇನ್ನೂ ಆರೇಳು. ನೆಲದ ತುಂಬ ಹಿಕ್ಕೆ. ಈ ಆಡುಗಳ ಮನೆಗೆ ತಾನು ತೆರಿಗೆ ಕಟ್ಟಬೇಕು, ಅದಕ್ಕಾಗಿ ತನ್ನ ಹುಳು ಉಪವಾಸ ಬೀಳಬೇಕು! ಅಮ್ಮಾಜಮ್ಮ ಸೀಟಿನ ಮೇಲಿದ್ದ ಆಡನ್ನು ಸೆರಗು ಬೀಸಿ ಎಬ್ಬಿಸಿದಳು.

"ಹಂಗಾದ್ರೆ ಬಂದು ಆಫೀಸಲ್ಲಿ ಹೇಳು, ಗಾಡಿ ನೀನು ಕೊಂಡಿದ್ದು ಅಂತ" ಎಂದ ಆವಲಪ್ಪ.

ನಲ್ಲಪ್ಪನ ನಗು ಅಲ್ಲಿಗೆ ಸ್ವಲ್ಪ ಬದಲಾಯಿತು. "ಕೊಂಡಿದ್ದಕ್ಕೆ ಕಾಗದ ಎಲ್ಲೈತಪ್ಪ? ಬಾಡಿಗೆ ಅಂತ ನಾನಂದ್ರೆ, ಮಾರಿದ್ದು ಅಂತ ನೀನಂದ್ರೆ, ಅವ್ರು ಯಾರ್ದು ನಂಬ್ತಾರೆ? ಚೂದ್ದಾಂಲೇ."

ಬಸ್ಸಿನಲ್ಲಿ ಹಿಂತಿರುಗುವಾಗ ಆವಲಪ್ಪ ಬೆರಳು ಹಿಡಿದು ವ್ಯಾಪಾರ ಮಾಡಿದ ಕೈಯನ್ನೇ ನೋಡಿಕೊಳ್ಳುತ್ತಿದ್ದ. ಅವನ ಮಾತೇ ಅವನ ಆಸ್ತಿಯಾಗಿತ್ತು. ಒಬ್ಬ ಮನುಷ್ಯ ನಗುನಗುತ್ತಲೇ ಅದನ್ನು ಇಲ್ಲವೆಂದುಬಿಟ್ಟಿದ್ದ. ಅಮ್ಮಾಜಮ್ಮನಿಗೆ ಗಂಡನ ಮೇಲೆ ಅಯ್ಯೋ ಅನ್ನಿಸಿತು. ಆದರೂ ಸಿಟ್ಟು ಹಾಗೇ ಇತ್ತು. ಎರಡೂ ಒಟ್ಟಿಗೆ ಇರಬಲ್ಲವು, ಸಂಸಾರ ಮಾಡಿದವರಿಗೆ ಇದು ಗೊತ್ತು.

ಅವಳ ತಲೆಯಲ್ಲಿ ಮಾತ್ರ ಬೇರೊಂದು ಓಡುತ್ತಿತ್ತು. ಕಾಗದ, ಕಾಗದ ಎನ್ನುತ್ತಾನಲ್ಲ ಆ ನಲ್ಲಪ್ಪ. ಲಾರಿ ಹೋದ ಹೊಸದರಲ್ಲಿ ಅವನೇ ಒಂದು ಕಾರ್ಡು ಬರೆದಿದ್ದನಲ್ಲವೇ? ಏನೋ ಸಾಮಾನು ಕೇಳಿ?

ಮನೆಗೆ ಬಂದವಳೇ ಬಾಗಿಲ ಹಿಂದೆ ತೂಗುಹಾಕಿದ್ದ ಕಾಗದದ ತಂತಿ ಇಳಿಸಿದಳು. ಮದುವೆ ಪತ್ರಿಕೆ, ಕಂದಾಯದ ರಸೀತಿ, ಸತ್ತವರ ಕಾಗದ, ಹುಟ್ಟಿದವರ ಕಾಗದ, ಎಲ್ಲ ಒಂದರ ಮೇಲೊಂದು ಚುಚ್ಚಿಕೊಂಡಿದ್ದವು. ಒಂದೊಂದೇ ಬಿಡಿಸಿ ನೆಲದ ಮೇಲೆ ಹರಡಿದಳು. ಅರ್ಧ ತಂತಿ ಬರಿದಾಗುವಷ್ಟರಲ್ಲಿ ಕಾರ್ಡು ಸಿಕ್ಕಿತು. ಓದಲು ಮಗನನ್ನು ಕರೆಯಬೇಕಾಗಲಿಲ್ಲ, ಅವಳೇ ಅಕ್ಷರ ಕೂಡಿಸಿ ಓದಿದಳು.

"ಆವಲಪ್ಪನವರಿಗೆ ನಲ್ಲಪ್ಪನ ನಮಸ್ಕಾರ. ನಿಮ್ಮಿಂದ ಕ್ರಯಕ್ಕೆ ಕೊಂಡ ಲಾರಿ ಕ್ಷೇಮವಾಗಿ ಬಂದು ಸೇರಿತು. ಆದರೆ ಗಾಡಿ ಎತ್ತುವ ಜಾಕಿ ನಿಮ್ಮಲ್ಲೇ ಉಳಿದಿದೆ. ಕೊಂಡ ಮೇಲೆ ಜಾಕಿಯೂ ನನ್ನದೇ. ದಯಮಾಡಿ ಕಳುಹಿಸುವುದು."

ಕೆಳಗೆ ಸಹಿ. ಮೇಲೆ ಮಂಚೇನಹಳ್ಳಿ ಅಂಚೆಯ ಮುದ್ರೆ, ತಾರೀಖು ಸಮೇತ. ಒಂದು ಜಾಕಿಯ ಆಸೆಗೆ ಮನುಷ್ಯ ಸತ್ಯ ಬರೆದಿದ್ದ.

"ಜಾಕಿ ಕಳಿಸಿದ್ರಾ ಆಗ?" ಎಂದು ಕೇಳಿದಳು.

"ಕಳಿಸ್ದೆ. ಕೊಂಡೋನ್ದು ಅಲ್ವಾ" ಎಂದ ಆವಲಪ್ಪ.

ಗಂಗುಲಪ್ಪ ಒಂದು ದಿನ ರಜೆ ಹಾಕಿ ಅವರಿಬ್ಬರನ್ನೂ ಕೋಲಾರದ ಮೋಟಾರು ಆಫೀಸಿಗೆ ಕರೆದುಕೊಂಡು ಹೋದ. ಅಲ್ಲಿನ ಸಾಹೇಬರು ತೆಳ್ಳಗಿನ ಮನುಷ್ಯ. ಮಾತು ಮೆಲ್ಲಗೆ, ಮುಖದಲ್ಲಿ ಇಂಥ ನೂರು ಕಥೆ ಕೇಳಿದ ಸುಸ್ತು. ಎಣ್ಣೆ ಪುಸ್ತಕವನ್ನು ಎರಡು ಬೆರಳಿನಲ್ಲಿ ಎತ್ತಿ ನೋಡಿದರು, ಮೂಸಿದರು. ಕಾರ್ಡನ್ನು ಎರಡು ಸಲ ಓದಿದರು.

"ಈ ಕಾರ್ಡು ಒಳ್ಳೇ ಸಾಕ್ಷಿ" ಎಂದರು. "ಗಾಡಿ ಯಾರ ಕೈಯಲ್ಲಿದೆಯೋ ಅವರ ಹತ್ತಿರವೂ ನಾವು ತೆರಿಗೆ ಕೇಳಬಹುದು. ನಲ್ಲಪ್ಪನಿಗೂ ನೋಟೀಸು ಕಳಿಸ್ತೀನಿ. ಆದರೆ ನೀವು ತಿಳಿಸಲಿಲ್ಲ, ಹೆಸರು ಬದಲಾಯಿಸಲಿಲ್ಲ, ನೋಟೀಸು ಬಂದರೆ ವಾಪಸ್ಸು ಕಳಿಸಿದಿರಿ. ಅದಕ್ಕೆ ನಾನೇನು ಮಾಡಲಿ?"

"ಸ್ವಾಮಿ, ಗಾಡಿ ನಿಂತು ಒಂದು ವರ್ಷ ಆಯ್ತು. ಆಡು ಮಲಗ್ತವೆ ಅದ್ರಾಗೆ" ಎಂದಳು ಅಮ್ಮಾಜಮ್ಮ.

"ಗಾಡಿ ನಿಂತಿದೆ ಅಂತ ಬರೆದು ತಿಳಿಸಿದ್ದರೆ ಆಗ ನೋಡಬಹುದಿತ್ತಮ್ಮ. ಆಡು ಬಂದು ಹೇಳಲಿಲ್ಲವಲ್ಲ."

ಗಂಗುಲಪ್ಪ ಕೆಮ್ಮಿ ನಗು ನುಂಗಿಕೊಂಡ. ಅವಳಿಗೆ ನಗು ಬರಲಿಲ್ಲ. "ಇಂಜಿನ್ನು ಮಾತ್ರ ಬಿಡಿ ಸ್ವಾಮಿ. ಇನ್ನು ಮೂರು ದಿನಕ್ಕೆ ಹುಳ ಹಣ್ಣಾಗ್ತವೆ. ಗೂಡು ಮಾರಿ ತಂದು ಕಟ್ತೀವಿ" ಎಂದಳು. ಬೇಡುವುದು ಅವಳಿಗೆ ಅಭ್ಯಾಸವಿರಲಿಲ್ಲ.

ಸಾಹೇಬರು ತಾಲ್ಲೂಕು ಕಚೇರಿಗೆ ಒಂದು ಕಾಗದ ಬರೆದರು. ಹದಿನೈದು ದಿನ ಜಪ್ತಿ ತಡೆಯಬೇಕು, ಅಷ್ಟರೊಳಗೆ ಅರ್ಧ ಬಾಕಿ ಆವಲಪ್ಪ ಕಟ್ಟಬೇಕು, ಉಳಿದದ್ದು ನಲ್ಲಪ್ಪನ ವಿಚಾರಣೆಯಾದ ಮೇಲೆ. ಕಟ್ಟಿದ್ದನ್ನು ನಲ್ಲಪ್ಪನಿಂದ ವಾಪಸ್ಸು ಪಡೆಯುವುದು ಆವಲಪ್ಪನ ಪಾಡು, ಅದಕ್ಕೆ ಸಿವಿಲ್ ಕೋರ್ಟು ಇದೆ ಎಂದರು.

ಹುಳು ಚಂದ್ರಿಕೆ ಹತ್ತಿದವು. ಆ ವರ್ಷದಲ್ಲೇ ಅಂಥ ಗೂಡು ಬಂದಿರಲಿಲ್ಲ. ಶಿಡ್ಲಘಟ್ಟದಲ್ಲಿ ಕೈ ಹಾಕಿ ನೋಡಿದವರೆಲ್ಲ ಭೇಷ್ ಎಂದರು. ಆ ದುಡ್ಡು ಸೆರಗಿನ ಗಂಟಿನಲ್ಲಿ ಒಂದು ರಾತ್ರಿಯೂ ಉಳಿಯಲಿಲ್ಲ, ನೆಟ್ಟಗೆ ಚಿಂತಾಮಣಿಯ ಖಜಾನೆಗೆ ಹೋಯಿತು. ರಸೀತಿ ಹಿಡಿದು ಹೊರಗೆ ಬಂದ ಅಮ್ಮಾಜಮ್ಮ ಮೆಟ್ಟಿಲ ಮೇಲೆ ಕೂತುಬಿಟ್ಟಳು. ಇಪ್ಪತ್ತೆಂಟು ದಿನ ನಿದ್ದೆಗೆಟ್ಟು ಸಾಕಿದ ಬೆಳೆ. ಆಡು ಮಲಗಿದ ಲಾರಿಗೆ ಹೋಯಿತು.

"ನನ್ನ ಬಯ್ದುಬಿಡು" ಎಂದ ಆವಲಪ್ಪ, ಪಕ್ಕದಲ್ಲಿ ನಿಂತು.

"ಬಯ್ಯೋಕೂ ಶಕ್ತಿ ಇಲ್ಲ. ಮನೇಗೆ ನಡೀರಿ" ಎಂದಳು ಅವಳು.

ನಲ್ಲಪ್ಪ ಮೊದಲ ನೋಟೀಸಿಗೆ ಚೂದ್ದಾಂಲೇ ಎಂದ. ಎರಡನೆಯದಕ್ಕೆ ಆಫೀಸಿಗೆ ಬಂದು ಬಾಡಿಗೆಯ ಕಥೆ ಹೇಳಿದ. ಸಾಹೇಬರು ಕಾರ್ಡನ್ನು ಮೇಜಿನ ಮೇಲೆ ಅವನ ಕಡೆಗೆ ತಿರುಗಿಸಿಟ್ಟರು. ಬಾಡಿಗೆಗೆ ತಂದವನು ಜಾಕಿ ನನ್ನದೇ ಎಂದು ಬರೆಯುತ್ತಾನೆಯೇ? ಉಳಿದರ್ಧ ಬಾಕಿ ಅವನ ತಲೆಗೆ ಬಿತ್ತು, ಪುಸ್ತಕ ಅವನ ಹೆಸರಿಗಾಯಿತು. ಅಮ್ಮಾಜಮ್ಮ ಕಟ್ಟಿದ ಅರ್ಧ ಮಾತ್ರ ಇನ್ನೂ ವಾಪಸ್ಸು ಬಂದಿಲ್ಲ. ವಕೀಲರು ದಾವೆ ಹಾಕಿದ್ದಾರೆ, ವಾಯಿದೆಯ ಮೇಲೆ ವಾಯಿದೆ ಬೀಳುತ್ತಿದೆ. ಎರಡು ಸಾಲು ಬರೆಯದ ತಪ್ಪಿಗೆ ಈಗ ಕಟ್ಟುಗಟ್ಟಲೆ ಬರೆಯಿಸಬೇಕಾಗಿದೆ.

ಮೊನ್ನೆ ಅದೇ ಊರಿನಲ್ಲಿ ಬಯ್ಯಪ್ಪ ತನ್ನ ಮೋಟಾರ್ ಸೈಕಲ್ ಮಾರಿದ. ಟವಲ್ ಕೆಳಗೆ ಬೆರಳು ಹಿಡಿದದ್ದಾಯಿತು, ಎಲೆ ಅಡಿಕೆಯಾಯಿತು. ಬಯ್ಯಪ್ಪ ಗಾಡಿಯ ಪುಸ್ತಕವನ್ನು ಕಣ್ಣಿಗೊತ್ತಿಕೊಂಡು ಒಳಗೆ ಹೋಗುವಷ್ಟರಲ್ಲಿ, ತೋಟದ ಬದುವಿನಿಂದ ಆವಲಪ್ಪ ಪಂಚೆ ಎತ್ತಿಕಟ್ಟಿ ಓಡಿಬಂದ. ಬಾಗಿಲಲ್ಲೇ ಕೈ ಹಿಡಿದ.

"ಏಯ್, ಅದನ್ನ ಒಳಗೆ ತಗೊಂಡೋಗ್ಬೇಡ!"

"ಹಗ್ಗ ಮನೇಲಿರ್ಬೇಕಲ್ಲಣ್ಣ?"

"ಹಗ್ಗ ಅಲ್ಲ ಕಣಯ್ಯಾ ಅದು, ಕುಣಿಕೆ! ಎರಡು ವರ್ಷ ಅದಕ್ಕೆ ದೀಪ ಹಚ್ಚಿದೋನು ನಾನು. ಅವನಿಗೆ ಕೊಡು. ಲಕ್ಷ್ಮಿ ಹೋಗಲ್ಲ. ಇಟ್ಕೊಂಡ್ರೆ ಹೋಗ್ತಾಳೆ, ನನ್ನ ಹೆಂಡ್ತೀನ ಕೇಳು."

ಬಯ್ಯಪ್ಪ, ವ್ಯಾಪಾರ ನೋಡಲು ಸೇರಿದವರ ನಡುವೆ ನಿಂತಿದ್ದ ಅಮ್ಮಾಜಮ್ಮನ ಮುಖ ನೋಡಿದ. ಅವಳು ತನ್ನ ಮನೆಯ ಜಗಲಿಯಿಂದ ಮಂಚ ಎಳೆಸಿ ತಂದು ಬಯ್ಯಪ್ಪನ ಅಂಗಳದ ನಡುವೆ ಹಾಕಿಸಿದಳು. ಆವಲಪ್ಪನೇ ಕೆಳಗಿನ ಕೇರಿಗೆ ಹೋಗಿ ಗಂಗುಲಪ್ಪನನ್ನು ಕರೆತಂದ. "ಕೂತ್ಕೋಪ್ಪ, ಕೂತ್ಕೊಂಡು ಬರಿ" ಎಂದ, ಊರೆಲ್ಲ ನೋಡುತ್ತಿರುವಾಗಲೇ. ಗಂಗುಲಪ್ಪ ಮಂಚದ ನಡುಮಧ್ಯೆ ಕೂತು ಎರಡು ಸಾಲು ಬರೆದ. ಮಾರಿದವನೂ ಸಹಿ ಹಾಕಿದ, ಕೊಂಡವನೂ ಹಾಕಿದ. ಅಷ್ಟಕ್ಕೆ ಹಿಡಿದ ಹೊತ್ತು ಒಂದು ಎಲೆ ಅಡಿಕೆ ಜಗಿಯುವಷ್ಟು.

ಇದನ್ನು ಓದುತ್ತಿರುವ ಅಣ್ಣಾ, ಓದಿಸಿ ಕೇಳುತ್ತಿರುವ ಅಕ್ಕಾ, ಈಗ ನಿಮ್ಮನ್ನೇ ಕೇಳುತ್ತೇನೆ. ಲಾರಿಯೋ, ವ್ಯಾನೋ, ಮೋಟಾರ್ ಸೈಕಲ್ಲೋ, ನೀವೂ ಯಾವುದಾದರೂ ಮಾರಿದ್ದೀರಾ? ಆಫೀಸಿಗೆ ತಿಳಿಸಿದ್ದೀರಾ? ಹದಿನಾಲ್ಕು ದಿನ ಕಳೆದುಹೋಗಿದ್ದರೂ ಇವತ್ತೇ ಹೋಗಿ ತಿಳಿಸಿ, ತಡವಾದದ್ದು ಇನ್ನಷ್ಟು ತಡವಾಗದಿರಲಿ. ಕೊಂಡಿದ್ದೀರಾ? ಮೂವತ್ತು ದಿನದೊಳಗೆ ಪುಸ್ತಕವನ್ನು ನಿಮ್ಮ ಹೆಸರಿಗೆ ಮಾಡಿಸಿ, ಹಳೇ ಬಾಕಿ ಇದೆಯೇ ಎಂದು ಕೊಳ್ಳುವ ಮೊದಲೇ ವಿಚಾರಿಸಿ. ಗಾಡಿ ಓಡಿಸದೆ ನಿಲ್ಲಿಸಿದ್ದರೆ ಅದನ್ನೂ ಬರೆದು ತಿಳಿಸಿ. ಮಾರಿದ್ದಕ್ಕೆ, ಕೊಂಡಿದ್ದಕ್ಕೆ ಸಹಿಯಿರುವ ಕಾಗದ ಇಟ್ಟುಕೊಳ್ಳಿ. ಸರ್ಕಾರದ ನೋಟೀಸು ಬಂದರೆ ದಯವಿಟ್ಟು ವಾಪಸ್ಸು ಕಳಿಸಬೇಡಿ, ತೆಗೆದು ಓದಿ, ಬಾರದಿದ್ದರೆ ಬಲ್ಲವರಿಂದ ಓದಿಸಿ. ಆ ಬಲ್ಲವರು ಯಾವ ಕೇರಿಯವರಾದರೂ ಸರಿ, ಮೊದಲು ಕೂರಿಸಿ.

ಹಸುವಿನ ಹಗ್ಗ ಬೇಕಾದರೆ ಮನೆಯಲ್ಲೇ ಇರಲಿ, ಅದಕ್ಕೆ ಯಾರ ಅಡ್ಡಿಯೂ ಇಲ್ಲ. ಆದರೆ ಈಗಲೇ ಎದ್ದು ದೇವರ ಗೂಡಿನಲ್ಲಿ ಕೈಯಾಡಿಸಿ ನೋಡಿ. ಅಲ್ಲಿ ಮಾರಿದ ಗಾಡಿಯ ಪುಸ್ತಕವೇನಾದರೂ ಸಿಕ್ಕರೆ, ದೀಪ ಹಚ್ಚುವ ಮೊದಲು ಅದನ್ನು ಕೊಂಡವರಿಗೆ ಮುಟ್ಟಿಸಿ ಬನ್ನಿ. ಅಮ್ಮಾಜಮ್ಮನ ಒಂದು ಬೆಳೆ ಹೋದದ್ದು ಸಾಕು.